ಕಪಾಟಿನ ಕೊನೆಯ ಕಲ್ಲು

"ಮುಟ್ಟಿ ನೋಡಿ. ಕಚ್ಚುವುದಿಲ್ಲ," ಎಂದು ಇಂಗ್ಲಿಷಿನಲ್ಲಿ ಹೇಳಿ ಹಾರ್ಕೋರ್ಟ್ ಗಾಜಿನ ಕಪಾಟಿನ ಬಾಗಿಲು ತೆರೆದ.

"ಮುಟ್ಟಿ ನೋಡ್ಬೇಕಂತೆ ಸಾರ್," ಎಂದಳು ಅವನ ಸೆಕ್ರೆಟರಿ ದಿವ್ಯ. ಕಚ್ಚುವ ಮಾತನ್ನು ಮಾತ್ರ ಬಿಟ್ಟುಬಿಟ್ಟಳು.

ಪಿಳ್ಳಪ್ಪನಿಗೆ ಇಂಗ್ಲಿಷ್ ಚೆನ್ನಾಗಿಯೇ ಅರ್ಥವಾಗುತ್ತಿತ್ತು. ಪೊಲೀಸ್ ಇಲಾಖೆಯಲ್ಲಿ ಕೂದಲು ನೆರೆಯುವವರೆಗೆ ದುಡಿದು, ಈಗ ಇಟ್ಟಮಡುವಿನಲ್ಲಿ ಬೇಕರಿಯೊಂದರ ಮೇಲೆ ಖಾಸಗಿ ಪತ್ತೇದಾರನೆಂದು ಬೋರ್ಡು ಹಾಕಿಕೊಂಡು ಕೂತವನಿಗೆ ಅಷ್ಟೂ ಬಾರದಿದ್ದರೆ ಹೇಗೆ? ಆದರೆ ಬಾರದವನಂತೆ ನಟಿಸುವುದರಲ್ಲಿ ಒಂದು ಲಾಭವಿತ್ತು. ಪ್ರತಿ ಮಾತೂ ಎರಡೆರಡು ಸಲ ಬರುತ್ತಿತ್ತು. ಎರಡನೆಯ ಸಲ ಬರುವಷ್ಟರಲ್ಲಿ ಆಡಿದವನ ಮುಖವನ್ನು ಪುರುಸೊತ್ತಾಗಿ ನೋಡಬಹುದಿತ್ತು.

ಆ ಮುಖದಲ್ಲಿ ನೋಡುವುದಕ್ಕೆ ಹೆಚ್ಚೇನೂ ಇರಲಿಲ್ಲ. ನುಣ್ಣಗೆ ಕ್ಷೌರವಾದ ಕೆಂಪು ಕೆನ್ನೆ, ತಿಳಿ ನೀಲಿ ಕಣ್ಣು, ಸದಾ ಒಂದು ಸಣ್ಣ ನಗು. ಸೇಬಲ್‌ಕ್ರಾಸ್ ಗಣಿ ಕಂಪನಿಯ ದೊಡ್ಡ ಸಾಹೇಬನೆಂದರೆ ಹೀಗೆಯೇ ಇರಬೇಕೆಂದು ಯಾರಾದರೂ ಅಳತೆ ಕೊಟ್ಟು ಹೊಲಿಸಿದ ಹಾಗಿದ್ದ.

ಜೆ.ಪಿ. ನಗರದ ಆ ಬಂಗಲೆಯ ಹಾಲಿನಲ್ಲಿ ಸೂಟ್‌ಕೇಸುಗಳು ಬಾಗಿಲಿಗೆ ಮುಖ ಮಾಡಿ ನಿಂತಿದ್ದವು. ಸಂಜೆಯ ವಿಮಾನಕ್ಕೆ ಮುಂಬಯಿ, ಅಲ್ಲಿಂದ ಲಂಡನ್. ಇವನೊಮ್ಮೆ ಹಾರಿಹೋದನೆಂದರೆ, ಗೊಟ್ಟಿಗೆರೆ ಗೋಡೌನಿನ ಬೆಂಕಿಯಲ್ಲಿ ಸತ್ತನೆಂದು ಕಂಪನಿ ಹೇಳಿದ ಗೋಡೌನ್ ನೌಕರ ಗುರುಸಿದ್ದನ ಕಥೆ ಅಲ್ಲಿಗೇ ಮುಗಿದಂತೆ. ಗುರುಸಿದ್ದನ ಹೆಂಡತಿ ರೇಣವ್ವ ಹೊರಗೆ ವರಾಂಡದಲ್ಲಿ ಬೆತ್ತದ ಕುರ್ಚಿಯ ತುದಿಯಲ್ಲಿ ಕೂತಿದ್ದಳು. ಬಳೆಯಿಲ್ಲದ ಕೈಗಳನ್ನು ಸೆರಗಿನೊಳಗೆ ಮುಚ್ಚಿಕೊಂಡಿದ್ದಳು.

ಅವಳು ಪಿಳ್ಳಪ್ಪನ ಆಫೀಸಿನ ಮೆಟ್ಟಿಲು ಹತ್ತಿ ಬಂದ ದಿನ ಕೇಳಿದ್ದು ಒಂದೇ ಪ್ರಶ್ನೆ. ಬೆಳಿಗ್ಗೆ ಬಿ.ಟಿ.ಎಂ. ಲೇಔಟಿನ ಅವಳ ಬಾಡಿಗೆ ಮನೆಗೆ ಕರೆಯಲು ಹೋದಾಗಲೂ ಅದನ್ನೇ ಕೇಳಿದ್ದಳು.

"ನಮ್ಮಾಗ ಸುಡೂದಿಲ್ರೀ ಸಾಹೇಬ್ರ. ಹೂಳ್ತಾರ. ಕೈಯಾಗ ಲಿಂಗ ಇಟ್ಟು ಹೂಳ್ತಾರ. ಇವ್ರು ನನಗ ಮಾರೀನೂ ತೋರಸದ ಬೂದಿ ಗಡಿಗಿ ತಂದು ಕೊಟ್ರು. ಇದು ಯಾರ ಬೂದಿ? ನನ್ನ ಗಂಡಂದ ಅಂತ ಹೆಂಗ ನಂಬಲಿ?"

ಮಾತಿನ ನಡುವೆ ಮನೆ ಮಾಲೀಕಳು ಅಕ್ಕಯಮ್ಮ ಮಹಡಿಯಿಂದ ಇಳಿದು ಬಂದು ಗೊಣಗಿದ್ದಳು: "ಇವತ್ತೂ ಫೋನ್ ಬಂದಿತ್ತು ಕಣಮ್ಮ ನಿಂಗೆ. ರೇಣವ್ವ ಇದಾರಾ ಅನ್ನೋದೂ ಇಲ್ಲ, ಏನೂ ಇಲ್ಲ. ನೀನು ಹಲೋ ಅನ್ನೋವರ್ಗೂ ಉಸಿರಾಡ್ಕೊಂಡು ಕೂತಿರ್ತಾನೆ, ಅಂದ್ಮೇಲೆ ಇಡ್ತಾನೆ. ಯಾವನೋ ಪೋಲಿ ನನ್ಮಗ."

ಕಂಪನಿಯವರು ಹೆದರಿಸುತ್ತಿದ್ದಾರೆ ಎಂದು ಪಿಳ್ಳಪ್ಪ ಲೆಕ್ಕ ಹಾಕಿದ್ದ. ನಿಮ್ಮ ಕಡೆಯವರು ಯಾರೂ ಇಲ್ಲವೇನಮ್ಮ ಎಂದು ಕೇಳಿದ್ದ.

"ತಮ್ಮ ಅದಾನ್ರೀ, ಸಂಗಮೇಶ. ಗೋವಾದ ಗಣಿಯಾಗ ಕೆಲಸ ಹಚ್ಚೀನಂತ ನಮ್ಮನ್ಯಾವ್ರ ಮೆಜೆಸ್ಟಿಕ್ಕಿಗೆ ಕರಕೊಂಡು ಹೋಗಿ ಬಸ್ ಹತ್ತಿಸಿ ಬಂದ್ರು. ಭಾವ ಹೋದ ಸುದ್ದಿ ಅವಂಗಿನ್ನೂ ಮುಟ್ಟಿಲ್ಲ. ಎಲ್ಲಿ ಅದಾನೋ ಏನೋ."

ಪಿಳ್ಳಪ್ಪ ತಲೆಯಾಡಿಸಿ ಆ ಮಾತನ್ನು ಅಲ್ಲೇ ಬಿಟ್ಟಿದ್ದ. ಬಿಡಬಾರದಿತ್ತು.

ಈಗ ಕಪಾಟಿನ ಮುಂದೆ ಹಾರ್ಕೋರ್ಟ್ ತನ್ನ ಜೀವಮಾನದ ಕಥೆ ಹೇಳುತ್ತಿದ್ದ. ಕಂಪನಿ ಕಟ್ಟಿದವನ ಬಗ್ಗೆ ಪಿಳ್ಳಪ್ಪ ಕುತೂಹಲ ತೋರಿದ್ದಷ್ಟೇ ಸಾಕಾಗಿತ್ತು. ತಮ್ಮ ಏಳಿಗೆಯ ಕಥೆ ಹೇಳಿಕೊಳ್ಳಲು ಪುರುಸೊತ್ತಿಲ್ಲದ ದೊಡ್ಡ ಮನುಷ್ಯರನ್ನು ಪಿಳ್ಳಪ್ಪ ಇನ್ನೂ ಕಂಡಿರಲಿಲ್ಲ. ನಡುವಿನ ಹಲಗೆಯ ಮೇಲೆ ಮೊದಲಿಗೆ ಒಂದು ಪುಟ್ಟ ಸುತ್ತಿಗೆ, ಹಿಡಿ ಸವೆದು ಕಪ್ಪಾದದ್ದು. ಆಮೇಲೆ ಸಾಲಾಗಿ ಕಲ್ಲುಗಳು.

"ಝಾಂಬಿಯಾ," ಎಂದು ಸುತ್ತಿಗೆಯನ್ನು ಮುಟ್ಟಿದ. "ನಾನಾಗ ಲಂಡನ್ನಿನ ತಾಮ್ರದ ದಲ್ಲಾಳಿ ಅಂಗಡಿಯ ಗುಮಾಸ್ತ. ಅಲ್ಲೊಬ್ಬ ಸರ್ವೆಯವನು ಅದಿರಿನ ಜಾಡು ಕಂಡುಹಿಡಿದ. ಕಂಡುಹಿಡಿದದ್ದನ್ನು ನನಗೊಬ್ಬನಿಗೇ ಹೇಳಿದ. ಆಮೇಲೆ ಹೊಳೆಯಲ್ಲಿ ಹೋದ. ಹೆಸರು ಮರೆತಿದೆ. ಸುತ್ತಿಗೆ ಮಾತ್ರ ಇಟ್ಟುಕೊಂಡಿದ್ದೇನೆ."

ದಿವ್ಯ ಕನ್ನಡಕ್ಕೆ ತಿರುಗಿಸಿದಳು. 'ಹೊಳೆಯಲ್ಲಿ ಹೋದ' ಎನ್ನುವಲ್ಲಿ ಅವಳ ದನಿ ಸ್ವಲ್ಪ ತೊಡರಿತು.

"ಆ ಹಸಿರು ಕಲ್ಲಿನಿಂದ ನಾನು ಮ್ಯಾನೇಜರ್ ಆದೆ. ಈ ಬಿಳಿಯದು ಪಾಪುವಾದ್ದು, ಇದರಿಂದ ಡೈರೆಕ್ಟರ್. ಅಲ್ಲಿ ಸತ್ತವನ ಹೆಸರಿನಲ್ಲಿ ಹಂದಿ ಕಡಿದು ಊರಿಗೆಲ್ಲ ಊಟ ಹಾಕಬೇಕು, ಹಾಕಿಸಿದೆ. ಇದು ಘಾನಾ. ಅಲ್ಲಿ ಮೀನಿನ ಆಕಾರದ ಪೆಟ್ಟಿಗೆ ಮಾಡಿಸಿ ಹೂಳುತ್ತಾರೆ, ಅದನ್ನೂ ಮಾಡಿಸಿದೆ. ಪೆಟ್ಟಿಗೆ ಬಹಳ ಚೆನ್ನಾಗಿತ್ತು. ನಾನು ಯಾವ ದೇಶಕ್ಕೆ ಹೋದರೂ ಮೊದಲು ಕೇಳುವುದು ಒಂದೇ. ನಿಮ್ಮ ಜನ ಸತ್ತವರನ್ನು ಏನು ಮಾಡುತ್ತಾರೆ? ಅದನ್ನು ಸರಿಯಾಗಿ ಮಾಡಿಬಿಟ್ಟರೆ ಬೇರೆ ಯಾರೂ ಬೇರೇನೂ ಕೇಳುವುದಿಲ್ಲ. ನನ್ನ ಕೆರಿಯರ್‌ನ ಗುಟ್ಟು ಇಷ್ಟೇ."

ಅವನು ಅದನ್ನು ಬಡಾಯಿಯಂತೆ ಹೇಳಲಿಲ್ಲ. ಹಳೆಯ ಕ್ರಿಕೆಟ್ ಮ್ಯಾಚಿನ ಸ್ಕೋರು ಹೇಳುವಂತೆ ಹೇಳಿದ. ಕೊಲೆಗಡುಕರನ್ನು ಪಿಳ್ಳಪ್ಪ ಎಷ್ಟೋ ಕಂಡಿದ್ದ. ಅವರು ಹೆದರಿರುತ್ತಿದ್ದರು, ಇಲ್ಲವೇ ಕುಡಿದಿರುತ್ತಿದ್ದರು. ಇಷ್ಟು ಅಚ್ಚುಕಟ್ಟಾಗಿ ಟೀ ಕುಡಿಯುತ್ತ ಕೂತವನನ್ನು ಕಂಡಿರಲಿಲ್ಲ.

"ಗುರುಸಿದ್ದನ ವಿಷಯದಲ್ಲೂ ಹಾಗೇ ಕೇಳಿದ್ರಾ?" ಎಂದ.

ಹಾರ್ಕೋರ್ಟ್ ದಿವ್ಯಳ ಕಡೆ ಬೆರಳು ಮಾಡಿದ. "ಇವಳ ತಂದೆಯನ್ನು ಕೇಳಿದೆ. ನಮಗೆ ಬಾಡಿಗೆಗೆ ಕೊಟ್ಟ ಗೋಡೌನ್ ಅವರದ್ದೇ ತಾನೆ? ನಮ್ಮಲ್ಲಿ ಸುಡುತ್ತಾರೆ ಎಂದರು. ಸುಡಿಸಿದೆ."

ದಿವ್ಯ ಅನುವಾದ ಮಾಡದೆ ತಲೆ ತಗ್ಗಿಸಿದಳು. ಅವಳಪ್ಪ ಗಂಗಾಧರಯ್ಯ ಬಿಳೇಕಹಳ್ಳಿಯ ಹಳೆಯ ಕುಳ. ಒಂದು ಕಾಲಕ್ಕೆ ರಾಗಿ ಬೆಳೆದ ಹೊಲದಲ್ಲಿ ಈಗ ಬಾಡಿಗೆ ಮನೆಗಳನ್ನು ಬೆಳೆಸಿಕೊಂಡವನು. ತನ್ನ ಮನೆಯಲ್ಲಿ ಏನು ಪದ್ಧತಿಯೋ ಊರಿಗೆಲ್ಲ ಅದೇ ಎಂದು ತಿಳಿದು, ಬನಶಂಕರಿಯ ಸ್ಮಶಾನದಲ್ಲಿ ತಾನೇ ಮುಂದೆ ನಿಂತು ಕೊಳ್ಳಿ ಇಟ್ಟಿದ್ದ. ಪುಣ್ಯದ ಕೆಲಸವೆಂದೇ ಇಟ್ಟಿದ್ದ, ಪಾಪ.

"ಅಪ್ಪಂಗೆ ಅವ್ರ ಪದ್ಧತಿ ಗೊತ್ತಿರ್ಲಿಲ್ಲ ಸಾರ್," ಎಂದಳು ದಿವ್ಯ ಮೆಲ್ಲಗೆ. "ಆ ದಿನ ಹೆಂಗ್ಸು ನೋಡ್ಬಾರ್ದು, ಬೇಗ ಮುಗಿಸಿ ಅಂತ ಆಫೀಸ್‌ನಿಂದ ಒಂದೇ ಸಮ ಅರ್ಜೆಂಟ್ ಮಾಡ್ತಿದ್ರು."

ಅಷ್ಟರಲ್ಲಿ ಕಪಾಟಿನ ಪಕ್ಕದ ಸ್ಟೂಲಿನ ಮೇಲಿದ್ದ ಫೋನ್ ಹೊಡೆದುಕೊಂಡಿತು. ದಿವ್ಯ ಎತ್ತಿ ಹಲೋ ಹಲೋ ಎಂದು ಕೂಗಿ ಇಟ್ಟಳು.

"ಬ್ಲ್ಯಾಂಕ್ ಕಾಲ್ ಸಾರ್. ಡೈಲಿ ಇದೇ ಗೋಳು. ಬಾಸ್ ಎತ್ತಿದ್ರೆ ಮಾತಾಡ್ತಾರೆ, ನಾನ್ ಎತ್ತಿದ್ರೆ ಇಲ್ಲ."

"ಇನ್ನೊಮ್ಮೆ ಬಂದರೆ ನಾನೇ ತೆಗೆದುಕೊಳ್ಳುತ್ತೇನೆ," ಎಂದ ಹಾರ್ಕೋರ್ಟ್. ಮೊಟ್ಟಮೊದಲ ಸಲ ಅವನ ನಗು ಅರೆಕ್ಷಣ ಜಾರಿತು.

ಪಿಳ್ಳಪ್ಪ ಅದನ್ನು ಗಮನಿಸಿದ. ಆದರೆ ಅವನ ಕಣ್ಣು ಅದಕ್ಕಿಂತ ದೊಡ್ಡದೊಂದಕ್ಕೆ ಸಿಕ್ಕಿಬಿದ್ದಿತ್ತು. ಕಲ್ಲುಗಳ ಸಾಲಿನ ತುದಿಯಲ್ಲಿ, ನೇರಳೆ ಮಖಮಲ್ಲಿನ ತುಂಡಿನ ಮೇಲೆ, ಕಪ್ಪಗೆ ಮಿರುಗುವ ದುಂಡನೆಯದೊಂದು ಕೂತಿತ್ತು. ಒಂದು ಮಗ್ಗುಲು ಚಪ್ಪಟೆಯಾಗಿದ್ದರಿಂದ ಉರುಳದೆ ನಿಂತಿತ್ತು.

ಬಿಜಾಪುರದ ಕಡೆ ವರ್ಷಗಟ್ಟಲೆ ಪೊಲೀಸ್ ನೌಕರಿ ಮಾಡಿದ ಪಿಳ್ಳಪ್ಪನಿಗೆ ಅದನ್ನು ಯಾರೂ ಪರಿಚಯಿಸಬೇಕಾಗಿರಲಿಲ್ಲ. ಇಷ್ಟಲಿಂಗ, ಮೇಲೆ ಕಂತಿಯ ಕಪ್ಪು ಲೇಪ ಮೆತ್ತಿದ್ದು. ಮಗು ಹುಟ್ಟಿದಾಗ ಗುರು ಕಟ್ಟುವುದು. ಉಸಿರಿರುವವರೆಗೆ ಮೈಮೇಲಿಂದ ಇಳಿಯದು, ಉಸಿರು ಹೋದ ಮೇಲೆ ಆಳಿನ ಜೊತೆಗೇ ಮಣ್ಣಿಗೆ ಹೋಗುವುದು. ಅದು ಇಲ್ಲಿ, ತಾಮ್ರದ ಅದಿರಿನ ಪಂಕ್ತಿಯಲ್ಲಿ ಕೂತಿದೆ.

"ಓ, ಅದು," ಎಂದ ಹಾರ್ಕೋರ್ಟ್ ಸಂತೋಷದಿಂದ. "ಇಡೀ ಕಪಾಟಿನಲ್ಲಿ ಅದೊಂದೇ ನನ್ನನ್ನು ಸೋಲಿಸಿದ್ದು. ಉಗುರಲ್ಲಿ ಗೀರಿದರೆ ಮೆತ್ತಗೆ, ಗಾತ್ರಕ್ಕೆ ತಕ್ಕ ತೂಕವಿಲ್ಲ. ಯಾವ ಕಲ್ಲೋ ತಿಳಿಯಲಿಲ್ಲ. ಲಂಡನ್ನಿಗೆ ಒಯ್ದು ಸೀಳಿಸಿ ನೋಡುತ್ತೇನೆ. ಕರ್ನಾಟಕದ ನೆನಪಿಗೆ."

"ಸೀಳಿ..." ಎಂದು ಅನುವಾದ ಶುರುಮಾಡಿದ ದಿವ್ಯ ಪಿಳ್ಳಪ್ಪನ ಮುಖ ನೋಡಿ ನಿಲ್ಲಿಸಿದಳು. "ಪೇಪರ್‌ವೇಟ್ ಅನ್ಕೊಂಡಿದ್ದೆ ಸಾರ್. ನಾನೇ ದಿನಾ ಒರಸ್ತೀನಿ. ಏನದು?"

"ಎಲ್ಲಿ ಸಿಕ್ತು ಅಂತ ಕೇಳಮ್ಮ."

"ಗುರುಸಿದ್ದ ಕೊಟ್ಟ," ಎಂದ ಹಾರ್ಕೋರ್ಟ್, ದಿವ್ಯ ಬಾಯಿ ತೆರೆಯುವ ಮೊದಲೇ. 'ಸಿಕ್ತು' ಎಂಬ ಒಂದು ಮಾತು ಅವನಿಗೂ ಗೊತ್ತಿತ್ತೆಂದು ಕಾಣುತ್ತದೆ. "ತನ್ನ ಕೈಯಾರೆ ಕೊಟ್ಟ."

ಈ ಸಲ ಪಿಳ್ಳಪ್ಪ ದಿವ್ಯಳಿಗಾಗಿ ಕಾಯಲಿಲ್ಲ. ಬಾಯಿಗೆ ಬಂದ ಒರಟು ಇಂಗ್ಲಿಷಿನಲ್ಲೇ ನೇರವಾಗಿ ಹೇಳಿದ.

"ಸುಳ್ಳು. ಬದುಕಿರುವವನು ಯಾರೂ ಇದನ್ನು ಇನ್ನೊಬ್ಬನಿಗೆ ಕೊಡುವುದಿಲ್ಲ ಮಿಸ್ಟರ್ ಹಾರ್ಕೋರ್ಟ್. ಕೊರಳು ಕೊಟ್ಟಾನು, ಇದನ್ನು ಕೊಡ. ಇದು ನಿಮ್ಮ ಕೈಗೆ ಬರಬೇಕಾದರೆ ಬೆಂಕಿ ಬೀಳುವುದಕ್ಕೆ ಮುಂಚೆಯೇ ಅವನು ಹೆಣವಾಗಿರಬೇಕು. ಹೆಣದ ಎದೆಯಿಂದ ಕಿತ್ತುಕೊಂಡಿದ್ದೀರಿ. ಚಿನ್ನದ ಗಣಿ ಸಿಕ್ಕಿದೆಯೆಂದು ತೋರಿಸಲು ರಾಯಚೂರಿನ ಕಡೆ ನೆಲ ಕೊರೆದು ತಂದ ಮಾದರಿ ಕಲ್ಲಿನ ಕಂಬಿಗಳಲ್ಲಿ ಚಿನ್ನ ಇರಲಿಲ್ಲ, ನೀವು ಬೆರೆಸಿದ ಅಕ್ಕಸಾಲಿ ಅಂಗಡಿಯ ಅರದ ಪುಡಿ ಇತ್ತು. ಅದು ಗೋಡೌನ್ ನೋಡಿಕೊಳ್ಳುತ್ತಿದ್ದ ಗುರುಸಿದ್ದನಿಗೆ ಗೊತ್ತಿತ್ತು. ಕಂಬಿಗಳ ಸಾಕ್ಷಿಯನ್ನೂ ಸುಟ್ಟಿರಿ, ಅವನನ್ನೂ ಸುಟ್ಟಿರಿ."

ದಿವ್ಯ ಬಾಯಿ ಮೇಲೆ ಕೈ ಇಟ್ಟುಕೊಂಡಳು.

ಹಾರ್ಕೋರ್ಟ್ ಕೋಪಗೊಳ್ಳಲಿಲ್ಲ. ಟೀ ಕಪ್ಪನ್ನು ತಟ್ಟೆಯ ಮೇಲೆ ಸದ್ದಾಗದಂತೆ ಇಟ್ಟ. "ನಿಮ್ಮ ಇಂಗ್ಲಿಷ್ ಚೆನ್ನಾಗಿದೆ," ಎಂದ. "ಆದರೆ ನಾನು ಸುಳ್ಳು ಹೇಳಿಲ್ಲ. ಅವನೇ ಕೊಟ್ಟ."

"ಅದನ್ನ ಹೆಂಡ್ತಿ ಮುಂದೆ ಹೇಳಿ," ಎಂದು ಪಿಳ್ಳಪ್ಪ ಕಲ್ಲನ್ನು ಮಖಮಲ್ಲಿನ ಸಮೇತ ಎತ್ತಿಕೊಂಡ. ತಡೆಯುವವರು ಯಾರೂ ಇರಲಿಲ್ಲ. ಇಷ್ಟು ದಿನ ಕೈಗೆ ಸಿಗದೆ ಜಾರುತ್ತಿದ್ದ ಕೇಸು ಅಂಗೈ ಮೇಲೆ ಕೂತಿದೆ ಎನ್ನುವ ಹಿಗ್ಗಿನಲ್ಲಿ ಅವನ ನಡಿಗೆಯೇ ಬದಲಾಗಿತ್ತು. ಒಬ್ಬ ಹೆಣ್ಣುಮಗಳ ಮುಂದೆ ಅವಳ ಗಂಡನ ಸಾವನ್ನು ಹಿಡಿದುಕೊಂಡು ಹೋಗುತ್ತಿದ್ದೇನೆ ಎನ್ನುವುದು ಆ ಗಳಿಗೆಯಲ್ಲಿ ಅವನಿಗೆ ಹೊಳೆಯಲೇ ಇಲ್ಲ.

"ಬಾಮ್ಮ ಒಳಗೆ. ಸುಡೋಕೆ ಮುಂಚೆ ಹೆಣದ ಮೈಮೇಲಿಂದ ತೆಗೆದದ್ದು, ಇದನ್ನ ನೋಡು."

ರೇಣವ್ವ ಚಪ್ಪಲಿ ಹೊರಗೇ ಬಿಟ್ಟು ಬಂದಳು. ಮಖಮಲ್ಲಿನ ಮೇಲಿದ್ದದ್ದನ್ನು ಕಂಡವಳೇ ಸೆರಗು ತಲೆಯ ಮೇಲೆ ಎಳೆದುಕೊಂಡು, ಅದನ್ನು ಎತ್ತಿ ಕಣ್ಣಿಗೊತ್ತಿಕೊಂಡಳು. ಆಮೇಲೆ ಸ್ವಲ್ಪ ದೂರ ಹಿಡಿದು ನೋಡಿದಳು. ಹುಬ್ಬು ಗಂಟಿಕ್ಕಿತು.

"ಇದು ನಮ್ಮನ್ಯಾವ್ರದಲ್ರೀ."

ಪಿಳ್ಳಪ್ಪನ ಮುಖ ಇಳಿಯಿತು. "ಸರಿಯಾಗಿ ನೋಡಮ್ಮ."

"ಅವರದು ಸಣ್ಣದ ಇತ್ರೀ. ದಿನಾ ಪೂಜಿ ಮುಂದ ನಾನ ನೀರ ಕೊಡ್ತಿದ್ದೆ, ನನಗ ಗೊತ್ತಿಲ್ಲೇನು? ಇದು ಅವರದಲ್ಲ." ಹೇಳುತ್ತ ಹೇಳುತ್ತ ಅವಳ ಮುಖದ ಮೇಲೆ ಬೆಳಕು ಹರಿಯಿತು. "ಸಾಹೇಬ್ರ, ಅಂದ್ರ ಸುಟ್ಟು ಹೋದಾಂವ ನನ್ನ ಗಂಡ ಅಲ್ಲ! ಅವ್ರು ಅದಾರ! ಹೌದಲ್ರೀ? ಅದಾರ!"

ಅವಳು ನಕ್ಕಳು. ಪಿಳ್ಳಪ್ಪ ಅವಳು ನಕ್ಕದ್ದನ್ನು ನೋಡಿದ್ದು ಅದೇ ಮೊದಲು. ಆ ನಗು ಇನ್ನೂ ತುಟಿಯ ಮೇಲಿರುವಾಗಲೇ ಅವಳ ಹೆಬ್ಬೆರಳು ಆ ಚಪ್ಪಟೆ ಮಗ್ಗುಲಿಗೆ ತಾಗಿತು. ಒಮ್ಮೆ ಸವರಿತು. ಮತ್ತೊಮ್ಮೆ ಸವರಿತು. ನಿಂತಿತು.

"ಏನಮ್ಮ?"

ಅವಳ ದನಿ ಎಲ್ಲೋ ದೂರದಿಂದ ಬಂದಂತಿತ್ತು. "ನಾನ ತೂಗಿದ್ದೆ. ಜೋಕಾಲಿ. ಜೋರ ತೂಗು ಅಕ್ಕಾ ಅಂದ, ತೂಗಿದೆ. ಕೊಳ್ಳಾಗಿನ ದಾರ ಹರಕೊಂಡು ಲಿಂಗ ಬೀಸೂಕಲ್ಲಿನ ಮ್ಯಾಲೆ ಬಿತ್ತು. ಮ್ಯಾಲಿನ ಕಂತಿ ಒಡೀತು. ನಮ್ಮವ್ವ ನನ್ನ ಹೊಡದ್ಲು. ಮಠದಾಗ ಮತ್ತ ಕಪ್ಪು ಕಂತಿ ಮೆತ್ತಿ ಕೊಟ್ರು, ಆದ್ರ ಈ ಮಗ್ಗಲ ಸರಿ ಆಗ್ಲೇ ಇಲ್ಲ. ಚಪ್ಪಟಿ ಉಳೀತು."

"ಯಾರದಮ್ಮ ಇದು?"

"ನಮ್ ಸಂಗಮೇಶಂದು."

ಗೋವಾ ಬಸ್ಸನ್ನು ಆ ಹುಡುಗ ಹತ್ತಲೇ ಇಲ್ಲ ಎನ್ನುವುದು ಪಿಳ್ಳಪ್ಪನಿಗೆ ಈಗ ಸ್ಪಷ್ಟವಾಯಿತು. ಭಾವ ಅವನನ್ನು ಮೆಜೆಸ್ಟಿಕ್ಕಿಗೆ ಕರೆದೊಯ್ಯಲಿಲ್ಲ, ಸಾಹೇಬನ ಮಾತಿಗೆ ತಾನೇ ಸತ್ತಂತೆ ಮರೆಯಾಗಲು ಗೊಟ್ಟಿಗೆರೆಗೆ ಕರೆದೊಯ್ದು ಕೊಂದ. ಸುಟ್ಟು ಕರಿಕಾದ ಹೆಣದ ಮುಂಗೈಯಲ್ಲಿ ಗುರುಸಿದ್ದನ ವಾಚು ಸಿಕ್ಕಿದ್ದರಿಂದಲೇ ಹೆಣ ಗುರುಸಿದ್ದನದೆಂದು ಎಲ್ಲರೂ ಒಪ್ಪಿದ್ದರು. ಆ ವಾಚನ್ನು ಹುಡುಗನ ಕೈಗೆ ತೊಡಿಸಿದವನು ಭಾವನೇ. ಬೆಂಕಿ ಹಚ್ಚಿದವನೂ ಅವನೇ. ಲಿಂಗವೊಂದನ್ನು ಮಾತ್ರ ಬೆಂಕಿಗೆ ಹಾಕಲು ಜೀವ ಒಪ್ಪಲಿಲ್ಲ. ಬಿಚ್ಚಿ ತೆಗೆದ. ಇಟ್ಟುಕೊಳ್ಳುವ ಧೈರ್ಯವೂ ಇಲ್ಲದೆ ಹಾರ್ಕೋರ್ಟನ ಕೈಗೆ ಹಾಕಿದ.

ಹಾರ್ಕೋರ್ಟ್ ಸುಳ್ಳು ಹೇಳಿರಲಿಲ್ಲ. ಗುರುಸಿದ್ದನೇ ಕೊಟ್ಟಿದ್ದ.

"ನನ್ನ ಪರವಾಗಿ ಅವಳಿಗೆ ಅಭಿನಂದನೆ ಹೇಳು ದಿವ್ಯ," ಎಂದ ಹಾರ್ಕೋರ್ಟ್, ಅದೇ ಸಣ್ಣ ನಗುವಿನಲ್ಲಿ. "ಗಂಡ ಬದುಕಿದ್ದಾನೆ. ಇನ್ನು ಆ ಬಳೆಗಳನ್ನು ಹಾಕಿಕೊಳ್ಳಬಹುದು."

"ನಾನ್ ಹೇಳಲ್ಲ," ಎಂದಳು ದಿವ್ಯ. ಅಳುತ್ತಿದ್ದಳು. "ನೀವೇನ್ ಬೇಕಾದ್ರೂ ಮಾಡ್ಕೊಳ್ಳಿ, ನಾನಂತೂ ಹೇಳಲ್ಲ."

"ಏನಂದಾನ್ರೀ ಅಂವ?" ಎಂದು ಕೇಳಿದಳು ರೇಣವ್ವ. ಪಿಳ್ಳಪ್ಪನೂ ಹೇಳಲಿಲ್ಲ. ಅವಳು ಹಾರ್ಕೋರ್ಟನ ನಗುವನ್ನೇ ನೋಡುತ್ತ ನಿಂತಳು, ಆಮೇಲೆ ತನ್ನ ಬರಿ ಕೈಗಳನ್ನು ನೋಡಿಕೊಂಡಳು. ಇನ್ನು ಯಾರೂ ಹೇಳಬೇಕಾದದ್ದು ಉಳಿಯಲಿಲ್ಲ.

ಫೋನ್ ಮತ್ತೆ ಹೊಡೆದುಕೊಂಡಿತು.

ಹಾರ್ಕೋರ್ಟ್ ಚಟ್ಟನೆ ಎದ್ದ. ಆ ವಯಸ್ಸಿನವನು ಅಷ್ಟು ಬೇಗ ಏಳಬಲ್ಲನೆಂದು ಪಿಳ್ಳಪ್ಪ ಎಣಿಸಿರಲಿಲ್ಲ. ಬ್ಲ್ಯಾಂಕ್ ಕಾಲ್. ಅಕ್ಕಯಮ್ಮನ ಮಹಡಿಯಲ್ಲೂ ಇದೇ ಉಸಿರು, ಇಲ್ಲೂ ಇದೇ ಉಸಿರು, ಗುರುಸಿದ್ದನದು. ಪಿಳ್ಳಪ್ಪ ಒಂದೇ ಹೆಜ್ಜೆಗೆ ಅವನಿಗೆ ಅಡ್ಡ ನಿಂತು ಎರಡೂ ತೋಳು ಹಿಡಿದುಕೊಂಡ.

"ರೇಣವ್ವ, ನೀನೇ ಎತ್ತಮ್ಮ! ಮಾತಾಡ್ಸು, ಬಿಡ್ಬೇಡ ಅವ್ನನ್ನ!"

ಅವನ ಬೆನ್ನ ಹಿಂದೆ, ಕಪಾಟಿನ ಪಕ್ಕದಲ್ಲಿ, ಅವಳು ರಿಸೀವರ್ ಎತ್ತಿದ ಸದ್ದಾಯಿತು. ಅವಳು ಹಲೋ ಎನ್ನಲಿಲ್ಲ. ಸುಮ್ಮನೆ ಕೇಳಿಸಿಕೊಂಡಳು.

"ರೀ," ಎಂದಳು ಕೊನೆಗೆ.

ಅವಳು ಅಷ್ಟು ಮೆತ್ತಗೆ ಮಾತಾಡಿದ್ದನ್ನು ಪಿಳ್ಳಪ್ಪ ಕೇಳಿರಲಿಲ್ಲ.

"ನಾನ ರೀ. ರೊಕ್ಕ ಕೇಳಾಕ ಸಾಹೇಬ್ರ ಮನೀಗೆ ಬಂದಿದ್ದೆ. ಗೊತ್ತಾತು ಬಿಡ್ರಿ, ದಿನಾ ಫೋನ್ ಹಚ್ಚಾಂವ್ರು ನೀವ ಅಂತ. ಅಳಬ್ಯಾಡ್ರಿ. ನಾ ಎಲ್ಲಿ ಅಳಾಕತ್ತೀನಿ? ಉಂಡೀರಿಲ್ಲೋ? ಎಲ್ಲಿದೀರಿ ಹೇಳ್ರಿ, ನಾ ಬರ್ತೀನಿ. ಇಲ್ರೀ, ಯಾರಿಗೂ ಹೇಳಂಗಿಲ್ಲ. ಒಬ್ಬಾಕಿನ ಬರ್ತೀನಿ." ಸ್ವಲ್ಪ ಹೊತ್ತು ಕೇಳಿಸಿಕೊಂಡಳು. "ಹೂಂ. ಗೊತ್ತೈತಿ ಆ ಜಾಗ. ಇಲ್ಲ, ಸಂಗಮೇಶನ ಸುದ್ದಿ ಏನೂ ಇಲ್ರೀ. ಗೋವಾದಾಗ ಅರಾಮ ಇರ್ಬೇಕು ಅಂವ."

ರಿಸೀವರನ್ನು ಮೆಲ್ಲಗೆ ಇಟ್ಟಳು.

ಪಿಳ್ಳಪ್ಪ ಹಾರ್ಕೋರ್ಟನನ್ನು ಬಿಟ್ಟು ತಿರುಗಿದ. "ಶಭಾಷ್ ಕಣಮ್ಮ! ಎಲ್ಲಿದಾನೆ?"

ರೇಣವ್ವ ತಮ್ಮನ ಲಿಂಗವನ್ನು ಸೆರಗಿನ ತುದಿಗೆ ಕಟ್ಟಿ ಗಂಟನ್ನು ಬಿಗಿಯುತ್ತಿದ್ದಳು. ಸೆರಗಿನ ಉಳಿದ ಭಾಗವನ್ನು ಮೈತುಂಬ ಹೊದ್ದುಕೊಂಡಳು.

"ಈ ಬೂದಿ ಯಾರದು ಹೇಳ್ರಿ ಅಂತ ಕೇಳಿದ್ದೆ ಸಾಹೇಬ್ರ. ಹೇಳಿದ್ರಿ. ನಿಮ್ಮ ಕೆಲಸ ಮುಗೀತು."

"ಏನ್ ಮಾತು ಅಂತ ಆಡ್ತೀಯ? ಅವ್ನು ಪೊಲೀಸ್ ಕೈಗೆ ಸಿಗ್ಬೇಕು! ಎಲ್ಲಿದಾನೆ ಹೇಳು!"

"ಅದು ನನ್ನ ಮನೀ ಮಾತ್ರೀ," ಎಂದು ಅವಳು ಹೊರಗೆ ನಡೆದಳು. ಚಪ್ಪಲಿ ಮೆಟ್ಟಿಕೊಳ್ಳಲೂ ನಿಲ್ಲಲಿಲ್ಲ. ಗೇಟಿನ ಹತ್ತಿರ ಆಟೋ ಕೂಗುವ ಅವಳ ದನಿ ಕೇಳಿಸಿತು.

ಹಾರ್ಕೋರ್ಟ್ ಕೋಟಿನ ತೋಳು ಸರಿಮಾಡಿಕೊಂಡು ಒಂದು ಸೂಟ್‌ಕೇಸಿನ ಹಿಡಿಗೆ ಕೈ ಹಾಕಿದ. ಪಿಳ್ಳಪ್ಪ ಅವನನ್ನೊಮ್ಮೆ, ಬಾಗಿಲನ್ನೊಮ್ಮೆ ನೋಡಿದ. ಇವನನ್ನು ಹಿಡಿದು ಕೂತರೆ ಅವಳು ಹೋಗುತ್ತಾಳೆ. ಅವಳ ಹಿಂದೆ ಹೋದರೆ ಇವನು ಹಾರುತ್ತಾನೆ.

"ಸಾರ್," ಎಂದಳು ದಿವ್ಯ. ಕಪಾಟಿನ ಮುಂದೆ ನಿಂತಿದ್ದ ಅವಳ ಮುಖ ಬಿಳಿಚಿಕೊಂಡಿತ್ತು. "ಸಾರ್, ಸುತ್ತಿಗೆ ಇಲ್ಲ."

ಹಾರ್ಕೋರ್ಟ್ ಕತ್ತು ಹೊರಳಿಸಿ ಖಾಲಿ ಜಾಗವನ್ನು ನೋಡಿದ. ಅವನ ನಗು ನಿಧಾನವಾಗಿ ಅಗಲವಾಯಿತು. ಅವನು ಹೇಳಿದ್ದಕ್ಕೆ ಅನುವಾದ ಬೇಕಿರಲಿಲ್ಲ.

"ಅವಳನ್ನು ತಡೆಯಬೇಡಿ ಮಿಸ್ಟರ್ ಪಿಳ್ಳಪ್ಪ. ನನ್ನ ವಿರುದ್ಧ ಬಾಯಿ ಬಿಡಬಲ್ಲವನು ಈ ಭೂಮಿಯ ಮೇಲೆ ಅವಳ ಗಂಡನೊಬ್ಬನೇ."

ಹೊರಗೆ ಆಟೋ ಸ್ಟಾರ್ಟ್ ಆಯಿತು.